ಮಸುಕಾದ ಮುಖ, ಮಾಸದ ಗುರುತು

ಟೀವಿಯ ಸುದ್ದಿಯಲ್ಲಿ ನೊಂದ ಹೆಣ್ಣಿನ ಮುಖವನ್ನು ಮಸುಕು ಮಾಡಿರುತ್ತಾರೆ. ಆದರೆ ಅವಳ ಮನೆಯ ಬಾಗಿಲು, ಬೀದಿಯ ತಿರುವು, ಉಟ್ಟ ಸೀರೆ, ಆಡುವ ದನಿ ಎಷ್ಟೋ ಸಲ ಹಾಗೇ ಉಳಿದಿರುತ್ತವೆ. ದೂರದವರಿಗೆ ಅವಳು ಯಾರೋ. ಯಾರಿಗೆ ತಿಳಿಯಬಾರದೋ ಆ ನೆರೆಹೊರೆಯವರಿಗೆ ಮಾತ್ರ ಅವಳೇ! ನಮ್ಮ ವಿಜಯನಗರ, ಬಸವೇಶ್ವರನಗರದ ಅಡ್ಡರಸ್ತೆಗಳಲ್ಲಿ ಹಿಂದಿನಿಂದ ನಡಿಗೆ ನೋಡಿಯೇ ‘ಇಂಥವರ ಸೊಸೆ’ ಎನ್ನಬಲ್ಲವರಿದ್ದಾರೆ. ಅವರೆದುರು ಈ ಮಸುಕು ಎಷ್ಟರದು?

ತ್ರಿವೇಣಿಯವರ ‘ಶರಪಂಜರ’ವನ್ನು ಈಚೆಗೆ ಮತ್ತೆ ಓದಿದಾಗ ಈ ಪ್ರಶ್ನೆ ಇನ್ನೂ ಆಳವಾಗಿ ನಾಟಿತು. ಅನಸೂಯಾ ಶಂಕರ್ ‘ತ್ರಿವೇಣಿ’ಯಾಗಿ ಬರೆದರು, ಲೇಖಕಿಗೆ ಕಾವ್ಯನಾಮವೆಂಬ ಒಂದು ಮರೆಯಾದರೂ ಇತ್ತು. ಅವರ ಕಾವೇರಿಗೆ ಅದೂ ಇಲ್ಲ. ಆಸ್ಪತ್ರೆಯಿಂದ ಗುಣವಾಗಿ ಬಂದರೂ ಸುತ್ತಲಿನವರ ಕಣ್ಣಿಗೆ ಅವಳು ಹುಚ್ಚಿಯೇ. ಅವಳ ಕಾಯಿಲೆ ವಾಸಿಯಾಯಿತು, ಜನರ ನೆನಪು ವಾಸಿಯಾಗಲಿಲ್ಲ. 1971ರಲ್ಲಿ ಪುಟ್ಟಣ್ಣ ಕಣಗಾಲರ ಚಿತ್ರದಲ್ಲಿ ಕಲ್ಪನಾ ಆ ಸಂಕಟವನ್ನು ಕಣ್ಣಿಗೆ ಕಟ್ಟಿದಾಗ ನಮ್ಮ ಅಮ್ಮಂದಿರು ಸೆರಗಿನಲ್ಲಿ ಕಣ್ಣೊರೆಸಿಕೊಂಡರು. ಆ ಕರುಣೆ ಪಕ್ಕದ ಮನೆಯ ಕಾವೇರಿಯವರೆಗೆ ಬಂತೇ?

2024ರ ಏಪ್ರಿಲ್‌ನಲ್ಲಿ ಹಾಸನದಲ್ಲಿ ಪೆನ್‌ಡ್ರೈವ್‌ಗಳು ಹರಿದಾಡಿದಾಗ ಮುಖಕ್ಕೆ ಮಸುಕೂ ಇರಲಿಲ್ಲ. ಆ ಹೆಂಗಸರ ಬದುಕು ಊರವರ ಅಂಗೈಗೆ ಬಂದು ಬಿತ್ತು. ಕೆಲವರು ಮನೆಯನ್ನೇ ಬಿಟ್ಟು ಹೋಗಬೇಕಾಯಿತು. ಆದರೆ ‘ನೋಡಿದಿರಾ?’ ಎಂದು ಅದನ್ನು ಫೋನಿನಿಂದ ಫೋನಿಗೆ ದಾಟಿಸಿದವರ ಮುಖ ಮಾತ್ರ ಯಾವ ಚಿತ್ರದಲ್ಲೂ ಇಲ್ಲ. ಮರೆ ಬೇಕಾದವರು ಬಯಲಿನಲ್ಲಿ, ಬಯಲಿಗೆ ಬರಬೇಕಾದವರು ಮರೆಯಲ್ಲಿ!

ಕಾನೂನು ಇಲ್ಲವೆಂದಲ್ಲ. ಅತ್ಯಾಚಾರಕ್ಕೊಳಗಾದವಳ ಹೆಸರಷ್ಟೇ ಅಲ್ಲ, ಅವಳ ಗುರುತು ಹತ್ತಿಸುವ ಯಾವ ವಿವರವನ್ನೂ ಪ್ರಕಟಿಸಬಾರದೆಂದು 2018ರಲ್ಲಿ ಸುಪ್ರೀಂ ಕೋರ್ಟು ಸ್ಪಷ್ಟವಾಗಿ ಹೇಳಿತು. ಅದಕ್ಕೆ ಹಿಂದಿನ ವರ್ಷ, 2017ರ ಆಗಸ್ಟ್ 24ರಂದು, ಖಾಸಗಿತನ ಮೂಲಭೂತ ಹಕ್ಕೆಂದು ಅದೇ ಕೋರ್ಟಿನ ಒಂಬತ್ತು ನ್ಯಾಯಮೂರ್ತಿಗಳು ಒಮ್ಮತದಿಂದ ಸಾರಿದರು. ಆ ಮೊಕದ್ದಮೆ ಹೂಡಿದವರು ನಮ್ಮ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ. ಎಸ್. ಪುಟ್ಟಸ್ವಾಮಿಯವರು. ಎಂಬತ್ತು ದಾಟಿದ ಮೇಲೆ ಅವರು ಕೋರ್ಟಿನ ಮೆಟ್ಟಿಲು ಹತ್ತಿದ್ದರಿಂದ ನಮಗೆಲ್ಲ ಈ ಹಕ್ಕು ದಕ್ಕಿತು.

ಆದರೂ ಕಾನೂನು ಮುಖ ಮುಚ್ಚಿಸಬಲ್ಲದೇ ಹೊರತು ಬಲ್ಲವರ ಕಣ್ಣು ಕಟ್ಟಲಾರದು. ಗುರುತು ಸಿಕ್ಕಿದ್ದು ನಮ್ಮ ತಪ್ಪಲ್ಲ. ಸಿಕ್ಕ ಗುರುತನ್ನು ನೀರು ಹಿಡಿಯುವಲ್ಲಿ, ಶಾಲೆಯ ಗೇಟಿನಲ್ಲಿ, ಫೋನಿನ ಗುಂಪಿನಲ್ಲಿ ಹಂಚುವುದು ತಪ್ಪು. ಗೊತ್ತಿದ್ದೂ ಗೊತ್ತಿಲ್ಲದವರಂತೆ ‘ಕಾಫಿ ಆಯ್ತೇನ್ರೀ?’ ಎಂದು ಕೇಳಬಲ್ಲ ನೆರೆಯವಳಿಗಿಂತ ದೊಡ್ಡ ಮರೆ ಹೆಣ್ಣಿಗೆ ಬೇರೆ ಯಾವುದಿದೆ?