ಪದದಿಂದ ಪ್ರಪಂಚ: ಟೋಲ್ಕೀನರ ಪಾಂಡಿತ್ಯ ಮತ್ತು ಕಥಾಸೃಷ್ಟಿ

ಕಾವ್ಯದ ಹುಟ್ಟಿಗೆ ಕಾರಣವಾವುದು ಎಂಬ ಪ್ರಶ್ನೆಯನ್ನು ಎತ್ತಿಕೊಂಡ ಭಾರತೀಯ ಆಲಂಕಾರಿಕರು ಪ್ರತಿಭೆ, ವ್ಯುತ್ಪತ್ತಿ, ಅಭ್ಯಾಸ ಎಂಬ ಮೂರನ್ನು ಹೆಸರಿಸಿದರು. ಇವುಗಳಲ್ಲಿ ಪ್ರತಿಭೆಗೆ ದೊರೆತ ಮನ್ನಣೆ ವ್ಯುತ್ಪತ್ತಿಗೆ ದೊರೆತಿಲ್ಲ. ಶಾಸ್ತ್ರ, ಲೋಕ ಹಾಗೂ ಪೂರ್ವಕವಿಗಳ ಕೃತಿಗಳ ಪರಿಶೀಲನೆಯಿಂದ ಬರುವ ನೈಪುಣ್ಯವೇ ಅಲಂಕಾರಶಾಸ್ತ್ರದಲ್ಲಿ ವ್ಯುತ್ಪತ್ತಿ. ವ್ಯಾಕರಣದಲ್ಲಿ ಅದೇ ಮಾತಿಗೆ ಪದದ ಮೂಲವನ್ನು ಬಿಡಿಸಿ ತೋರಿಸುವುದು ಎಂದು ಅರ್ಥ. ಪಾಂಡಿತ್ಯವು ಕವಿಗೆ ಹೊರೆಯೆಂದೂ ಪದಮೂಲವನ್ನು ಕೆದಕುವವನು ರಸಕ್ಕೆ ದೂರನೆಂದೂ ಹೇಳುವ ವಾಡಿಕೆ ಹಲವು ಭಾಷೆಗಳಲ್ಲಿ ಉಂಟು. ಇಪ್ಪತ್ತನೆಯ ಶತಮಾನದ ಇಂಗ್ಲೆಂಡಿನಲ್ಲಿ ಈ ವಾಡಿಕೆಗೆ ಪ್ರತ್ಯುತ್ತರವಾಗಿ ನಿಂತ ಕೃತಿಶ್ರೇಣಿ ಜೆ. ಆರ್. ಆರ್. ಟೋಲ್ಕೀನರದು. ಅವರಲ್ಲಿ ವ್ಯುತ್ಪತ್ತಿಯ ಎರಡು ಅರ್ಥಗಳೂ ಒಂದಾಗಿ ಕೂಡಿ, ಪದದ ಮೂಲವನ್ನು ಅರಸಿದ ಪಾಂಡಿತ್ಯವೇ ಕಥೆಯ ಮೂಲವೂ ಆಯಿತು.

ಇಂದಿನ ದಕ್ಷಿಣ ಆಫ್ರಿಕಕ್ಕೆ ಸೇರಿದ ಬ್ಲೂಮ್‌ಫಾಂಟೇನ್‌ನಲ್ಲಿ 1892ರಲ್ಲಿ ಹುಟ್ಟಿದ ಟೋಲ್ಕೀನರು ಬಾಲ್ಯದಲ್ಲಿಯೇ ಇಂಗ್ಲೆಂಡಿಗೆ ಬಂದು, ಆಕ್ಸ್‌ಫರ್ಡಿನಲ್ಲಿ ಓದಿ, 1916ರಲ್ಲಿ ಸೋಮ್ ನದೀತೀರದ ಘೋರಯುದ್ಧವನ್ನು ಸೈನಿಕರಾಗಿ ಕಂಡರು. ಯುದ್ಧಾನಂತರ ಆಕ್ಸ್‌ಫರ್ಡ್ ಇಂಗ್ಲಿಷ್ ನಿಘಂಟಿನ ಕಾರ್ಯಾಲಯದಲ್ಲಿ ‘ಡಬ್ಲ್ಯು’ ಅಕ್ಷರದ ಕೆಲವು ಪದಗಳ ಮೂಲವನ್ನು ಶೋಧಿಸುವ ಕೆಲಸ ಅವರದಾಯಿತು. ಲೀಡ್ಸ್ ವಿಶ್ವವಿದ್ಯಾಲಯದಲ್ಲಿ ಕೆಲವು ವರ್ಷ ಬೋಧಿಸಿದ ಮೇಲೆ, 1925ರಿಂದ 1945ರವರೆಗೆ ಆಕ್ಸ್‌ಫರ್ಡಿನಲ್ಲಿ ಆಂಗ್ಲೋ-ಸ್ಯಾಕ್ಸನ್ ಪ್ರಾಧ್ಯಾಪಕರೂ, ಅನಂತರ 1959ರವರೆಗೆ ಅಲ್ಲಿಯೇ ಮರ್ಟನ್ ಪೀಠದ ಪ್ರಾಧ್ಯಾಪಕರೂ ಆಗಿದ್ದು, 1973ರಲ್ಲಿ ತೀರಿಕೊಂಡರು. ಲೋಕಕ್ಕೆ ಅವರು ಪರಿಚಿತರಾದದ್ದು 1937ರ ‘ದಿ ಹಾಬಿಟ್’ ಮತ್ತು 1954-55ರಲ್ಲಿ ಮೂರು ಸಂಪುಟಗಳಾಗಿ ಬಂದ ‘ದಿ ಲಾರ್ಡ್ ಆಫ್ ದಿ ರಿಂಗ್ಸ್’ ಎಂಬ ಅದ್ಭುತಕಥೆಗಳಿಂದ. ವಿದ್ವಾಂಸ ಬೇರೆ, ಕಥೆಗಾರ ಬೇರೆ ಎಂಬಂತೆ ಇವರನ್ನು ಇಬ್ಬರನ್ನಾಗಿ ಸೀಳಿ ನೋಡುವ ದೃಷ್ಟಿ ಅಲ್ಲಿಂದಲೇ ಬೆಳೆಯಿತು. ಪಂಡಿತರಲ್ಲಿ ಕೆಲವರಿಗೆ, ಶಾಸ್ತ್ರಗ್ರಂಥಗಳಿಗೆ ಸಲ್ಲಬೇಕಾಗಿದ್ದ ಕಾಲ ಕಟ್ಟುಕಥೆಗೆ ವ್ಯಯವಾಯಿತೆಂಬ ಕೊರಗು. ವಿಮರ್ಶಕರಲ್ಲಿ ಎಡ್ಮಂಡ್ ವಿಲ್ಸನ್ನರಂಥವರು 1956ರಲ್ಲಿ ‘ರಿಂಗ್ಸ್’ ಕೃತಿಯನ್ನು ಬಾಲಿಶವೆಂದು ತಳ್ಳಿಹಾಕಿದರು. ಈ ಎರಡು ಆಕ್ಷೇಪಗಳನ್ನೂ ಪರೀಕ್ಷಿಸಬೇಕಾದರೆ ಎರಡು ಬಗೆಯ ಕೃತಿಗಳನ್ನೂ ಒಟ್ಟಿಗೆ ಇಟ್ಟು ನೋಡುವುದು ಅಗತ್ಯ.

ವಿದ್ವತ್ಕೃತಿಗಳ ಸಂಖ್ಯೆ ದೊಡ್ಡದಲ್ಲ. 1922ರಲ್ಲಿ ಮಧ್ಯಕಾಲೀನ ಆಂಗ್ಲಭಾಷೆಯ ಪದಕೋಶವೊಂದು ಬಂದಿತು; ಅದು ಕೆನೆತ್ ಸಿಸಾಮರು ಸಂಕಲಿಸಿದ ಹದಿನಾಲ್ಕನೆಯ ಶತಮಾನದ ಗದ್ಯಪದ್ಯಗಳಿಗೆ ಸಿದ್ಧಪಡಿಸಿದ್ದು. 1925ರಲ್ಲಿ ಇ. ವಿ. ಗಾರ್ಡನ್ನರೊಡನೆ ‘ಸರ್ ಗವೈನ್ ಅಂಡ್ ದಿ ಗ್ರೀನ್ ನೈಟ್’ ಕಾವ್ಯದ ಸಂಪಾದನೆ ಹೊರಬಂದು, ವಿದ್ಯಾರ್ಥಿಗಳ ಪಾಲಿಗೆ ದೀರ್ಘಕಾಲ ಆಧಾರಗ್ರಂಥವಾಯಿತು. 1929ರ ಪ್ರಬಂಧದಲ್ಲಿ ಅವರು ಎತ್ತಿಕೊಂಡದ್ದು, ಲೋಕವ್ಯವಹಾರವನ್ನು ತೊರೆದು ಏಕಾಂತಸಾಧನೆಗೆ ನಿಂತ ಸ್ತ್ರೀಯರಿಗಾಗಿ ಹದಿಮೂರನೆಯ ಶತಮಾನದ ಪೂರ್ವಾರ್ಧದಲ್ಲಿ ರಚಿತವಾದ ‘ಆಂಕ್ರೀನ್ ವಿಸ್ಸ’ ಎಂಬ ಬೋಧಗ್ರಂಥ. ಈ ಗ್ರಂಥದ ಒಂದು ಹಸ್ತಪ್ರತಿಯ ಭಾಷೆಯೂ, ಬೇರೊಬ್ಬ ಲಿಪಿಕಾರನು ಬರೆದ ಮತ್ತೊಂದು ಧಾರ್ಮಿಕ ಹಸ್ತಪ್ರತಿಯ ಭಾಷೆಯೂ ಕಾಗುಣಿತ ಹಾಗೂ ವ್ಯಾಕರಣಗಳಲ್ಲಿ ಸೂಕ್ಷ್ಮವಾಗಿ ಹೊಂದುತ್ತವೆಂದು ಅವರು ತೋರಿಸಿದರು. ಇದರಿಂದ ಹೊರಟ ನಿರ್ಣಯ ಮಹತ್ತರವಾದದ್ದು. 1066ರಲ್ಲಿ ನಾರ್ಮನ್ನರು ಇಂಗ್ಲೆಂಡನ್ನು ಗೆದ್ದಮೇಲೆ ದೇಶಭಾಷೆಯು ಹಳ್ಳಿಗರ ಬಾಯಿಗಷ್ಟೇ ಇಳಿದುಹೋಯಿತೆಂಬ ನಂಬಿಕೆಗೆ ಎದುರಾಗಿ, ಪಶ್ಚಿಮದ ಒಂದು ಪ್ರದೇಶದಲ್ಲಾದರೂ ಅದು ಶಿಕ್ಷಿತರ ಕೈಯಲ್ಲಿ ಶಿಸ್ತಿನ ಬರೆಹದ ಭಾಷೆಯಾಗಿ ಬಾಳಿತೆಂದು ಸಿದ್ಧವಾಯಿತು. ಆಡುಮಾತಿನಲ್ಲಿಯೇ ಅನುಭಾವವನ್ನು ಹೇಳಿಕೊಂಡ ನಾಡಿನ ಓದುಗರಿಗೆ ಈ ಸಂಗತಿಯ ಬೆಲೆಯನ್ನು ವಿವರಿಸಬೇಕಾಗಿಲ್ಲ. ಅದೇ ಹಸ್ತಪ್ರತಿಯ ಪಾಠವನ್ನು ಟೋಲ್ಕೀನರು ಸಂಪಾದಿಸಿ ಪ್ರಕಟಿಸಿದ್ದು 1962ರಲ್ಲಿ. ಕೃತಿಗಳ ಎಣಿಕೆಯಿಂದ ಪಾಂಡಿತ್ಯವನ್ನು ಅಳೆಯುವವರು ಈ ತೂಕವನ್ನು ಮರೆಯುತ್ತಾರೆ.

ಆದರೆ ಟೋಲ್ಕೀನರ ವಿದ್ವತ್ತಿನ ತಿರುಳು 1936ರಲ್ಲಿ ಬ್ರಿಟಿಷ್ ಅಕಾಡೆಮಿಯಲ್ಲಿ ಅವರು ಮಾಡಿದ ‘ಬೇವುಲ್ಫ್: ದಿ ಮಾನ್ಸ್‌ಟರ್ಸ್ ಅಂಡ್ ದಿ ಕ್ರಿಟಿಕ್ಸ್’ ಎಂಬ ಉಪನ್ಯಾಸದಲ್ಲಿದೆ. ಮೂರು ಸಾವಿರಕ್ಕೂ ಮಿಕ್ಕ ಸಾಲುಗಳ ‘ಬೇವುಲ್ಫ್’ ಪ್ರಾಚೀನ ಆಂಗ್ಲಭಾಷೆಯ ಪ್ರಧಾನ ಕಾವ್ಯ. ಗ್ರೆಂಡೆಲ್ ಎಂಬ ರಾಕ್ಷಸ, ಅವನ ತಾಯಿ, ಕೊನೆಗೆ ಒಂದು ಘಟಸರ್ಪ, ಈ ಮೂವರೊಡನೆ ವೀರನೊಬ್ಬನು ನಡೆಸುವ ಕಾಳಗವೇ ಅದರ ವಸ್ತು. ಹಿಂದಿನ ವಿದ್ವಾಂಸರು ಅದರಲ್ಲಿ ಇತಿಹಾಸ, ಪುರಾಣ, ಜನಾಂಗಗಳ ಆಚಾರ ಇವುಗಳನ್ನು ಅಗೆದು ತೆಗೆದರು; ಡಬ್ಲ್ಯು. ಪಿ. ಕೇರರಂಥ ರಸಿಕರು ಕೂಡ, ಕ್ಷುಲ್ಲಕವಾದ ರಾಕ್ಷಸಕಥೆ ನಡುವೆ ಕುಳಿತು ಗಂಭೀರ ವಿಷಯ ಅಂಚಿಗೆ ಸರಿದಿದೆಯೆಂದು ದೂರಿದರು. ಟೋಲ್ಕೀನರು ಈ ಮಾತನ್ನೇ ತಿರುವಿದರು. ಆ ಕವಿಗೆ ರಾಕ್ಷಸರು ಪ್ರಮಾದವಶಾತ್ ಬಂದವರಲ್ಲ. ಮನುಷ್ಯನು ಎಷ್ಟೇ ಧೀರನಾದರೂ ಕಾಲದ ಎದುರು ಕೊನೆಗೆ ಸೋಲುವವನೇ, ಸೋಲನ್ನು ಬಲ್ಲವನಾಗಿಯೂ ಮಣಿಯದೆ ನಿಲ್ಲುವುದೇ ಅವನ ಹಿರಿಮೆ ಎಂಬ ದರ್ಶನಕ್ಕೆ ಅಂಥ ಅಮಾನುಷ ಶತ್ರುಗಳೇ ತಕ್ಕವರು ಎಂಬುದು ಅವರ ವಾದ.

ಈ ವಾದವನ್ನು ವಿಶದಪಡಿಸಲು ಅವರು ಒಂದು ದೃಷ್ಟಾಂತ ಕೊಟ್ಟರು. ಪಿತ್ರಾರ್ಜಿತ ಹೊಲದಲ್ಲಿದ್ದ ಹಳೆಯ ಕಲ್ಲುಗಳಿಂದ ಒಬ್ಬನು ಗೋಪುರವನ್ನು ಕಟ್ಟಿದನು. ಕಲ್ಲುಗಳು ಪುರಾತನ ಕಟ್ಟಡವೊಂದರವೆಂದು ಕಂಡ ಗೆಳೆಯರು, ಮೆಟ್ಟಿಲನ್ನು ಹತ್ತುವ ಗೋಜಿಗೆ ಹೋಗದೆ, ಕೆತ್ತನೆ ಶಾಸನಗಳ ಆಸೆಯಿಂದ ಗೋಪುರವನ್ನು ಕೆಡವಿದರು. ಕಟ್ಟಿದವನಿಗಾದರೋ ಅದರ ತುದಿಯಿಂದ ಸಮುದ್ರ ಕಾಣುತ್ತಿದ್ದಿತು. ಕಾವ್ಯವನ್ನು ಆಕರವೆಂದು ಅಗೆಯುವುದಕ್ಕೂ ಕಾವ್ಯವೆಂದು ಓದುವುದಕ್ಕೂ ಇರುವ ಅಂತರವನ್ನು ಇದಕ್ಕಿಂತ ಸ್ಪಷ್ಟವಾಗಿ ಹೇಳುವುದು ಕಷ್ಟ. ‘ಬೇವುಲ್ಫ್’ ವಿಮರ್ಶೆಯ ದಿಕ್ಕು ಈ ಒಂದು ಉಪನ್ಯಾಸದಿಂದ ಬದಲಾಯಿತೆಂಬುದು ವಿದ್ವಾಂಸರು ಒಪ್ಪಿದ ಮಾತು.

ಉಪನ್ಯಾಸದ ಮರುವರ್ಷವೇ ‘ದಿ ಹಾಬಿಟ್’ ಪ್ರಕಟವಾಯಿತು. ಘಟಸರ್ಪದ ನಿಧಿಯಿಂದ ಬಟ್ಟಲೊಂದು ಕಳುವಾಗುವುದೂ ಅದು ಕೆರಳಿ ಊರನ್ನು ಸುಡುವುದೂ ‘ಬೇವುಲ್ಫ್’ ಕಾವ್ಯದಿಂದ ಬಂದ ಪ್ರಸಂಗವೆಂಬುದು ಸ್ಪಷ್ಟ. ಆ ಕಾವ್ಯ ತಮಗೆ ಅಮೂಲ್ಯ ಆಕರವೆಂದೂ, ಆದರೆ ಬರೆಯುವಾಗ ಅದನ್ನು ಬುದ್ಧಿಪೂರ್ವಕವಾಗಿ ನೆನೆಯಲಿಲ್ಲ, ಕಳವು ಕಥೆಯ ಸಂದರ್ಭದಿಂದ ಸಹಜವಾಗಿಯೇ ಬಂದಿತೆಂದೂ ಟೋಲ್ಕೀನರು 1938ರಲ್ಲಿ ‘ಅಬ್ಸರ್ವರ್’ ಪತ್ರಿಕೆಗೆ ತಿಳಿಸಿದರು. ಪಾಂಡಿತ್ಯವು ರಕ್ತಗತವಾದಾಗ ಅದು ಅನುಕರಣವಾಗಿ ಉಳಿಯದೆ ಪ್ರತಿಭೆಯ ಅಂಗವಾಗುವುದೆಂಬುದಕ್ಕೆ ಇದು ಸಾಕ್ಷಿ.

ಪದಗಳ ಮಟ್ಟದಲ್ಲಿ ಈ ಕ್ರಿಯೆ ಇನ್ನೂ ಸ್ವಾರಸ್ಯಕರ. ಪ್ರಾಚೀನ ಆಂಗ್ಲಕವಿಗಳು ಪಾಳುಬಿದ್ದ ಕಲ್ಲಿನ ಪಟ್ಟಣಗಳನ್ನು ‘ಎಂಟ್’ಗಳ, ಎಂದರೆ ದೈತ್ಯರ, ಕೈಕೆಲಸವೆಂದು ಬಣ್ಣಿಸುತ್ತಿದ್ದರು. ಈ ಎಂಟ್‌ಗಳು ಯಾರು, ಹೇಗಿದ್ದರು ಎಂಬುದನ್ನು ಯಾವ ಕಾವ್ಯವೂ ಹೇಳುವುದಿಲ್ಲ. ಉಳಿದದ್ದು ಪದ ಮಾತ್ರ. ‘ರಿಂಗ್ಸ್’ ಕೃತಿಯಲ್ಲಿ ಆ ಪದಕ್ಕೆ ದೇಹ ಬಂದಿತು: ವೃಕ್ಷಗಳನ್ನು ಕಾಯುವ, ತಾವೂ ವೃಕ್ಷದಂತಿರುವ, ನಿಧಾನವಾಗಿ ಮಾತನಾಡುವ ಪುರಾತನ ಜೀವಿಗಳಾಗಿ ಎಂಟ್‌ಗಳು ಅಲ್ಲಿ ನಡೆದಾಡುತ್ತವೆ. ಕುಶಲಕರ್ಮವೆಂಬ ಅರ್ಥದ ‘ಓರ್ಥಾಂಕ್’ ಎಂಬ ಹಳೆಯ ಪದ, ಯಂತ್ರಮೋಹಿತನಾದ ಮಾಂತ್ರಿಕನ ಗೋಪುರಕ್ಕೆ ಹೆಸರಾಯಿತು. ಮಧುಶಾಲೆಯನ್ನು ಹೇಳುವ ‘ಮೆಡುಸೆಲ್ಡ್’ ‘ಬೇವುಲ್ಫ್’ ಕಾವ್ಯದಿಂದ ಬಂದು ಅರಸನ ಆಸ್ಥಾನವಾಯಿತು. ಕುಬ್ಜರ ಹೆಸರುಗಳೂ ‘ಗ್ಯಾಂಡಾಲ್ಫ್’ ಎಂಬ ಹೆಸರೂ ಪ್ರಾಚೀನ ನಾರ್ಸ್ ಕಾವ್ಯವೊಂದರ ನಾಮಾವಳಿಯಿಂದ ಬಂದವು. 1914ರಷ್ಟು ಹಿಂದೆಯೇ, ಹಳೆಯ ಕ್ರೈಸ್ತಕಾವ್ಯವೊಂದರಲ್ಲಿ ಕಂಡ ‘ಎಯಾರೆಂಡೆಲ್’ ಎಂಬ ನಕ್ಷತ್ರವಾಚಕ ಪದ ಯುವಕ ಟೋಲ್ಕೀನರನ್ನು ಹಿಡಿದು, ಆ ಹೆಸರಿನ ನಾವಿಕನ ಕುರಿತ ಕವಿತೆಯನ್ನು ಬರೆಯಿಸಿತು; ‘ದಿ ಸಿಲ್ಮರಿಲಿಯನ್’ ಪುರಾಣದ ಬೀಜ ಅಲ್ಲಿದೆ. ಅರ್ಥ ಲುಪ್ತವಾದ ಪದವನ್ನು ಕಂಡ ಕೋಶಕಾರನು ಪ್ರಶ್ನಚಿಹ್ನೆಯನ್ನಿಟ್ಟು ಮುಂದೆ ಸಾಗುತ್ತಾನೆ. ಟೋಲ್ಕೀನರು ಆ ಪ್ರಶ್ನಚಿಹ್ನೆಯ ಎಡೆಯಲ್ಲಿ ಒಂದು ಕಥೆಯನ್ನು ನಟ್ಟರು.

ಇದು ಕೇವಲ ಪದಕ್ರೀಡೆಯೆಂದು ಯಾರಾದರೂ ಭಾವಿಸಿದರೆ, 1953ರಲ್ಲಿ ಬಂದ ‘ದಿ ಹೋಮ್‌ಕಮಿಂಗ್ ಆಫ್ ಬೆಯೊರ್ಹ್ಟ್‌ನೋತ್’ ಎಂಬ ಕಿರುಕೃತಿಯನ್ನು ನೋಡಬೇಕು. ಕ್ರಿ. ಶ. 991ರಲ್ಲಿ ಮಾಲ್ಡನ್ ಎಂಬಲ್ಲಿ ವೈಕಿಂಗರನ್ನು ಎದುರಿಸಿದ ಆಂಗ್ಲ ನಾಯಕನು, ಕಿರಿದಾದ ಹಾದಿಯಲ್ಲಿ ಶತ್ರುವನ್ನು ತಡೆಯಬಹುದಾಗಿದ್ದರೂ, ಅವರನ್ನು ದಾಟಿಬರಲು ಬಿಟ್ಟು ತಾನೂ ಸತ್ತು ತನ್ನವರನ್ನೂ ಸಾಯಿಸಿದನು. ಆ ಯುದ್ಧವನ್ನು ಹಾಡಿದ ಪ್ರಾಚೀನ ಕವಿ ನಾಯಕನ ನಡತೆಗೆ ‘ಓಫರ್‌ಮೋಡ್’ ಎಂಬ ಪದವನ್ನು ಬಳಸಿದ್ದಾನೆ. ಅದನ್ನು ಅತಿಸಾಹಸವೆಂದು ಅರ್ಥೈಸಿ ವೀರನನ್ನು ಕೊಂಡಾಡುವುದು ರೂಢಿ. ಪದ್ಯಸಾಹಿತ್ಯದಲ್ಲಿ ಆ ನಾಮಪದ ಎರಡೇ ಕಡೆ ಬರುತ್ತದೆ, ಮತ್ತೊಂದು ಕಡೆ ಅದು ದೇವರಿಗೆ ಎದುರುನಿಂತ ಲೂಸಿಫರನಿಗೆ ಸಲ್ಲುತ್ತದೆ ಎಂದು ತೋರಿಸಿದ ಟೋಲ್ಕೀನರು ಅದನ್ನು ದುರಹಂಕಾರವೆಂದೇ ನಿರ್ಣಯಿಸಿದರು. ಕೀರ್ತಿಯ ಆಸೆಗೆ ನಾಯಕನು ತನ್ನ ಪ್ರಾಣವನ್ನು ಕೊಡಬಹುದು. ತನ್ನನ್ನು ನಂಬಿದವರ ಪ್ರಾಣವನ್ನು ಕೊಡುವ ಹಕ್ಕು ಅವನಿಗಿಲ್ಲ. ಸೋಮ್ ರಣರಂಗವನ್ನು ಕಂಡುಬಂದವರ ಲೇಖನಿಯಿಂದ ಹೊರಟ ಈ ನಿರ್ಣಯಕ್ಕೆ ಬೇರೆಯೇ ಒಂದು ಭಾರವಿದೆ.

ಆ ನಿರ್ಣಯದ ಮುಂದುವರಿಕೆಯೇ ‘ರಿಂಗ್ಸ್’ ಕಥೆ. ಸರ್ವಾಧಿಕಾರವನ್ನು ಕೊಡುವ ಉಂಗುರವನ್ನು ಧರಿಸಿ ಗೆಲ್ಲುವುದು ಅಲ್ಲಿಯ ಗುರಿಯಲ್ಲ, ಅದನ್ನು ನಾಶಮಾಡುವುದು ಗುರಿ. ಒಳಿತಿಗಾಗಿಯೇ ಬಳಸುವೆನೆಂದು ಕೈಚಾಚಿದ ವೀರನು ಪತನಗೊಳ್ಳುತ್ತಾನೆ. ಬಲ್ಲವರು ಅದನ್ನು ಮುಟ್ಟಲು ಅಂಜುತ್ತಾರೆ. ಹೊರುವ ಕೆಲಸ ಯಾರ ಲೆಕ್ಕಕ್ಕೂ ಸಿಗದ ಗಿಡ್ಡ ಜನಕ್ಕೆ ಬೀಳುತ್ತದೆ. ಇನ್ನೂ ಗಮನಾರ್ಹವಾದದ್ದು, ಕೊನೆಯ ಗಳಿಗೆಯಲ್ಲಿ ಆ ಹೊತ್ತವನೂ ಸೋಲುತ್ತಾನೆ ಎಂಬುದು. ಹಿಂದೊಮ್ಮೆ ಕೊಲ್ಲಬಹುದಾಗಿದ್ದ ನೀಚ ಜೀವಿ ಗೊಲ್ಲಮ್‌ಗೆ ತೋರಿದ ಕರುಣೆಯೇ ಕಾರ್ಯವನ್ನು ಸಾಧಿಸಿಕೊಡುತ್ತದೆ. ಪೌರುಷದಿಂದ ಆಗದ್ದು ದಯೆಯಿಂದ ಆಯಿತು. ಅಹಂಕಾರ ಮತ್ತು ಅಧಿಕಾರಗಳ ಈ ವಿಶ್ಲೇಷಣೆಯನ್ನು ಬಾಲಿಶವೆಂದ ವಿಲ್ಸನ್ನರ ಆಕ್ಷೇಪ ಇಲ್ಲಿ ಬಿದ್ದುಹೋಗುತ್ತದೆ.

ಅದ್ಭುತಕಥೆ ವಾಸ್ತವದಿಂದ ಪಲಾಯನವೆಂಬ ದೂರಿಗೆ ಟೋಲ್ಕೀನರು 1939ರಲ್ಲಿ ಸೇಂಟ್ ಆಂಡ್ರೂಸ್ ವಿಶ್ವವಿದ್ಯಾಲಯದಲ್ಲಿ ಮಾಡಿ, 1947ರಲ್ಲಿ ಪ್ರಕಟಿಸಿದ ‘ಆನ್ ಫೇರಿ-ಸ್ಟೋರೀಸ್’ ಉಪನ್ಯಾಸದಲ್ಲಿ ಉತ್ತರವಿತ್ತರು. ಸೆರೆಯಾಳು ಬಿಡುಗಡೆಯನ್ನು ಬಯಸುವುದು ಬೇರೆ, ಸೈನಿಕನು ಕರ್ತವ್ಯದಿಂದ ಓಡಿಹೋಗುವುದು ಬೇರೆ. ವಿಮರ್ಶಕರು ಎರಡನ್ನೂ ಒಂದೆಂದು ಬಗೆಯುತ್ತಾರೆ ಎಂಬುದು ಅವರ ಸಮಾಧಾನ. ಭಗವಂತನ ಸೃಷ್ಟಿಗೆ ಒಳಪಟ್ಟು ಮನುಷ್ಯನು ನಡೆಸುವ ಕಲ್ಪನಾವ್ಯಾಪಾರವನ್ನು ಅವರು ಉಪಸೃಷ್ಟಿಯೆಂದು ಕರೆದರು. ಕ್ಯಾಥೊಲಿಕ್ ಶ್ರದ್ಧೆಯ ಈ ಲೇಖಕರಿಗೆ ಕಥೆ ಕಟ್ಟುವುದು ದೇವರೊಡನೆ ಸ್ಪರ್ಧೆಯಲ್ಲ, ದೇವರು ಕೊಟ್ಟ ಶಕ್ತಿಯ ವಿನಿಯೋಗ.

ಹೀಗೆಂದ ಮಾತ್ರಕ್ಕೆ ಈ ಸೃಷ್ಟಿ ನಿರ್ದುಷ್ಟವೆಂದು ಹೇಳಲಾಗದು. ಸ್ತ್ರೀಪಾತ್ರಗಳು ಅಲ್ಲಿ ವಿರಳ. ಘನಸಂದರ್ಭಗಳಲ್ಲಿ ಶೈಲಿ ಹಳಗಾಲದ ಪಡಿಯಚ್ಚಾಗಿ ಬಿಗಿದುಕೊಳ್ಳುವುದುಂಟು. ಇವುಗಳಿಗಿಂತ ಆಳವಾದ ಕೊರತೆ ‘ಓರ್ಕ್’ಗಳ ವಿಷಯದಲ್ಲಿದೆ. ಗೊಲ್ಲಮ್‌ಗೆ ದೊರೆತ ಕರುಣೆ ಈ ಕುಲಕ್ಕೆ ದೊರೆಯುವುದಿಲ್ಲ. ಶತ್ರುಪಕ್ಷದ ಮನುಷ್ಯನೊಬ್ಬನ ಶವವನ್ನು ಕಂಡು, ಇವನು ನಿಜವಾಗಿ ದುಷ್ಟನಾಗಿದ್ದನೇ ಎಂದು ಸ್ಯಾಮ್ ಯೋಚಿಸುವ ಎಡೆಯೊಂದಿದೆ. ಓರ್ಕ್‌ಗಳ ಪಾಲಿಗೆ ಅಂಥ ಎಡೆಯಿಲ್ಲ. ಮಾತನಾಡಬಲ್ಲ, ನೋವನ್ನು ಬಲ್ಲ ಒಂದು ಕುಲವೇ ಉದ್ಧಾರಕ್ಕೆ ಹೊರಗೆಂದರೆ ದಯಾಮೂಲವಾದ ಕೃತಿಯ ತಳಹದಿಯೇ ಅಲುಗುತ್ತದೆ. ಇದನ್ನು ಟೋಲ್ಕೀನರೂ ಅರಿತಿದ್ದರು. ಓರ್ಕ್‌ಗಳ ಹುಟ್ಟಿನ ಬಗ್ಗೆ ಅವರು ಕಡೆಯ ವರ್ಷಗಳಲ್ಲಿ ಒಂದಾದಮೇಲೊಂದು ಸಮಾಧಾನವನ್ನು ಬರೆದು, ಯಾವುದರಲ್ಲಿಯೂ ನೆಲೆನಿಲ್ಲಲಿಲ್ಲವೆಂಬುದನ್ನು 1993ರಲ್ಲಿ ಹೊರಬಂದ ಕರಡುಗಳು ತೋರಿಸುತ್ತವೆ.

ಈ ಕರಡುಗಳು ಬೇರೊಂದು ಪ್ರಶ್ನೆಯನ್ನು ಎತ್ತುತ್ತವೆ. ಮಗ ಕ್ರಿಸ್ಟಫರ್ ಟೋಲ್ಕೀನರು 1977ರಲ್ಲಿ ‘ದಿ ಸಿಲ್ಮರಿಲಿಯನ್’ ಕೃತಿಯನ್ನು ಸಂಪಾದಿಸಿ, 1983ರಿಂದ 1996ರವರೆಗೆ ಹನ್ನೆರಡು ಸಂಪುಟಗಳಲ್ಲಿ ತಂದೆಯ ಹಸ್ತಪ್ರತಿಗಳನ್ನು ಪ್ರಕಟಿಸಿದರು. 1926ರ ಹೊತ್ತಿಗೇ ಮುಗಿದಿದ್ದ ‘ಬೇವುಲ್ಫ್’ ಗದ್ಯಾನುವಾದ 2014ರಲ್ಲಿ ಬಂದಿತು. ಹಳೆಯ ಹಸ್ತಪ್ರತಿಗಳನ್ನು ಸಂಪಾದಿಸಿದ ವಿದ್ವಾಂಸರ ಬರೆಹವೇ ಸಂಪಾದನೀಯ ಹಸ್ತಪ್ರತಿಯಾಯಿತು. 1982ರಲ್ಲಿ ಟಾಮ್ ಶಿಪ್ಪಿಯವರು ‘ದಿ ರೋಡ್ ಟು ಮಿಡ್ಲ್-ಅರ್ತ್’ ಗ್ರಂಥದಲ್ಲಿ ಪದಮೂಲಗಳಿಂದ ಕಥೆಯನ್ನು ವಿವರಿಸಿದ ಮೇಲೆ, ಆಕರಶೋಧವೇ ಒಂದು ಶಾಖೆಯಾಗಿ ಬೆಳೆದಿದೆ. ಗೋಪುರವನ್ನು ಕೆಡವಿ ಕಲ್ಲನ್ನು ಹುಡುಕಿದ ಗೆಳೆಯರ ದೃಷ್ಟಾಂತ ಈಗ ಟೋಲ್ಕೀನರ ಕೃತಿಗೇ ಅನ್ವಯಿಸುವ ಅಪಾಯವಿದೆ.

ಆ ಅಪಾಯಕ್ಕೆ ಪರಿಹಾರ ಶೋಧವನ್ನು ನಿಲ್ಲಿಸುವುದಲ್ಲ. ಟೋಲ್ಕೀನರೇ ಜೀವಮಾನವೆಲ್ಲ ಕಲ್ಲುಗಳನ್ನು ಒಂದೊಂದಾಗಿ ತಿರುವಿ ನೋಡಿದವರು. ಯಾವ ಕಲ್ಲು ಎಲ್ಲಿಯದೆಂದು ಬಲ್ಲವರಾದುದರಿಂದಲೇ ಅವರಿಗೆ ಹೊಸದಾಗಿ ಕಟ್ಟುವುದು ಸಾಧ್ಯವಾಯಿತು. ‘ಓಫರ್‌ಮೋಡ್’ ಎಂಬ ಪದದ ಅರ್ಥನಿರ್ಣಯವಿಲ್ಲದೆ ಉಂಗುರವನ್ನು ತ್ಯಜಿಸುವ ಕಥೆಯ ಗಾಂಭೀರ್ಯ ಪೂರ್ಣವಾಗಿ ತಿಳಿಯದು. ಆ ಕಥೆಯನ್ನು ಓದಿ ಕರಗದವನಿಗೆ ಪದದ ಅರ್ಥ ತಿಳಿದೂ ಪ್ರಯೋಜನವಿಲ್ಲ. ಸಾಹಿತ್ಯದ ವಿದ್ಯಾರ್ಥಿಯು ಕಲ್ಲನ್ನೂ ಓದಬೇಕು, ಮೆಟ್ಟಿಲನ್ನೂ ಹತ್ತಬೇಕು. ಹತ್ತಿದವನಿಗೆ ಮಾತ್ರ ಸಮುದ್ರ ಕಾಣುತ್ತದೆ.