ಪೂರಿ ಬಾಣಲೆಯಿಂದ ಮಂಗಳಕ್ಕೆ

(ಚಿತ್ರ ವಿಮರ್ಶೆ: ‘ಮಿಷನ್ ಮಂಗಲ್’, ಹಿಂದಿ, 2019. ನಿರ್ದೇಶನ: ಜಗನ್ ಶಕ್ತಿ)



ಮಂಗಳಯಾನದ ಕಥೆ ಹೇಳುವ ಈ ಚಿತ್ರವನ್ನು ಫುನಾಬೊರಿ, ನಿಶಿಕಸಾಯಿ ಕಡೆಯ ನಮ್ಮ ಮನೆಗಳವರು ಅನೇಕರು ನೋಡಿರಬಹುದು. 2021ರ ಜನವರಿಯಲ್ಲಿ ಇದು ಜಪಾನಿನ ಚಿತ್ರಮಂದಿರಗಳಿಗೂ ಬಂದಿತ್ತು. ಮನೆಮಂದಿಯೆಲ್ಲ ಕೂತು ನೋಡುವಂಥ ಚಿತ್ರ, ಸಂದೇಹವಿಲ್ಲ. ಆದರೆ ಇದನ್ನು ನೋಡಿ ನಮ್ಮ ಮಕ್ಕಳು ಏನು ತಿಳಿದುಕೊಳ್ಳುತ್ತಾರೆ?

ಮೊದಲು ಮೆಚ್ಚಬೇಕಾದ್ದನ್ನು ಹೇಳೋಣ. ವಿದ್ಯಾ ಬಾಲನ್ ಪಾತ್ರ ಅಡುಗೆಮನೆಯ ಪೂರಿಯಿಂದ ಇಂಧನ ಉಳಿಸುವ ಉಪಾಯ ಹೊಳೆಸಿಕೊಳ್ಳುತ್ತದೆ. ಎಣ್ಣೆ ಕಾದ ಮೇಲೆ ಗ್ಯಾಸ್ ಆರಿಸಿದರೂ ಪೂರಿ ಉಬ್ಬುತ್ತದಲ್ಲ, ಹಾಗೆ! ಚಿಕ್ಕ ಮಕ್ಕಳಿಗೂ ಅರ್ಥವಾಗುವ ಮಾತು. ಸೀರೆಯುಟ್ಟ ಗೃಹಿಣಿ ವಿಜ್ಞಾನಿಯೂ ಆಗಿರಬಹುದೆಂದು ತೋರಿಸಿದ್ದೂ ಒಳ್ಳೆಯದೇ.

ತೊಂದರೆಯೆಂದರೆ ಚಿತ್ರ ಪೂರಿಯಲ್ಲೇ ತೃಪ್ತಿಪಟ್ಟುಕೊಳ್ಳುತ್ತದೆ. ನಿಜವಾದ ಲೆಕ್ಕ ಉಯ್ಯಾಲೆಯದು. ಹತ್ತಿರ ಬಂದಾಗ ಒಮ್ಮೆ ನೂಕಿದರೆ ಉಯ್ಯಾಲೆ ಇನ್ನಷ್ಟು ದೂರ ಹೋಗುತ್ತದೆ. 1,337 ಕಿಲೋ ತೂಕದ ನೌಕೆಯಲ್ಲಿ 852 ಕಿಲೋ ಇಂಧನವೇ. 2013ರ ನವೆಂಬರ್ 5ರಂದು ಹಾರಿದ ಅದನ್ನು, ಭೂಮಿಯ ಸಮೀಪ ಬಂದಾಗಲೆಲ್ಲ ಎಂಜಿನ್ ಉರಿಸಿ ಹೆಚ್ಚು ಹೆಚ್ಚು ದೂರಕ್ಕೆ ತೂಗಿದರು. ನವೆಂಬರ್ 11ರಂದು ಒಂದು ನೂಕು ಸಾಲದಾಯಿತು. ಸುಮಾರು 1 ಲಕ್ಷ ಕಿ.ಮೀ. ಮುಟ್ಟಬೇಕಿದ್ದ ಕಕ್ಷೆ 78 ಸಾವಿರಕ್ಕೇ ನಿಂತಿತು. ಮರುದಿನವೇ ಸರಿಪಡಿಸಿದರು. ಮುಂದೆ ಹತ್ತು ತಿಂಗಳು ನಿದ್ದೆಯಲ್ಲಿದ್ದ ಎಂಜಿನನ್ನು 2014ರ ಸೆಪ್ಟೆಂಬರ್ 22ರಂದು ನಾಲ್ಕೇ ಸೆಕೆಂಡು ಉರಿಸಿ ಪರೀಕ್ಷಿಸಿದರು. 24ರಂದು ಅದೇ ಎಂಜಿನ್ 24 ನಿಮಿಷ ಉರಿದು ನೌಕೆಯನ್ನು ಮಂಗಳದ ಕಕ್ಷೆಗೆ ಸೇರಿಸಿತು. ಇದಕ್ಕಿಂತ ದೊಡ್ಡ ನಾಟಕ ಬೇಕೇ? ಕಚೇರಿ ಗುಡಿಸುತ್ತ ಕುಣಿಯುವ ಹಾಡಿಗೆ ಕೊಟ್ಟ ಸಮಯವನ್ನು ಇದಕ್ಕೇ ಕೊಡಬಹುದಿತ್ತು.

ಜಪಾನಿನಲ್ಲಿರುವ ನಮಗೆ ಇನ್ನೊಂದು ವಿಷಯ ನೆನಪಾಗದಿರದು. 1998ರಲ್ಲಿ ಜಪಾನ್ ಮಂಗಳಕ್ಕೆ ‘ನೊಜೋಮಿ’ಯನ್ನು ಕಳಿಸಿತ್ತು. ಹೆಸರಿನ ಅರ್ಥವೇ ಆಶೆ. ಅದೇ ವರ್ಷ ಒಂದು ಕವಾಟ ಕೈಕೊಟ್ಟಿತು. ದಾರಿ ಬದಲಿಸಿ ಐದು ವರ್ಷ ಹೆಣಗಿದರೂ 2003ರ ಡಿಸೆಂಬರ್‌ನಲ್ಲಿ ಕೈಬಿಡಬೇಕಾಯಿತು. ಮೊದಲ ಯತ್ನದಲ್ಲೇ ಗೆದ್ದೆವೆಂಬ ನಮ್ಮ ಹೆಮ್ಮೆ ನ್ಯಾಯವೇ. ಆದರೆ ಪಕ್ಕದ ಮನೆಯವರ ಸೋಲನ್ನು ತಿಳಿದವರಿಗೇ ಆ ಗೆಲುವಿನ ಬೆಲೆ ತಿಳಿಯುವುದು.

ಇದೇ ದೇಶದ ‘ಹಾಯಾಬುಸಾ’ ಕ್ಷುದ್ರಗ್ರಹದ ಧೂಳು ಹೊತ್ತು 2010ರ ಜೂನ್ 13ರಂದು ಮರಳಿತು. ನಡುವೆ ಅದು ವಾರಗಟ್ಟಲೆ ಮಾತೇ ಆಡಿರಲಿಲ್ಲ. ಕೊನೆಗೆ ಕೆಟ್ಟ ಎರಡು ಎಂಜಿನ್‌ಗಳ ಸರಿಯಿದ್ದ ಭಾಗಗಳನ್ನು ಜೋಡಿಸಿ ಒಂದು ಮಾಡಿಕೊಂಡು ಮನೆಗೆ ತಂದರು. ಅದರ ಮೇಲೆ ಇಲ್ಲಿ ಮೂರು ಚಿತ್ರಗಳು ಬಂದವು. ಕೆನ್ ವತನಾಬೆ ನಟಿಸಿದ 2012ರ ಚಿತ್ರದಲ್ಲಿ ಎಂಜಿನಿಯರುಗಳ ದುಗುಡವೇ ಕಥೆ. ಅಲ್ಲಿ ಕೆಲಸವೇ ನಾಯಕ, ಇಲ್ಲಿ ಅಕ್ಷಯ್ ಕುಮಾರ್ ನಾಯಕ. ವ್ಯತ್ಯಾಸ ಇಷ್ಟೇ, ಆದರೆ ಸಣ್ಣದಲ್ಲ.

ಇನ್ನು ನಮ್ಮ ಮನೆಯ ಮಾತು. ಕಥೆ ಬೆಂಗಳೂರಿನದು, ಭಾಷೆ ಹಿಂದಿ. ಹಿರಿಯ ವಿಜ್ಞಾನಿ ಅನಂತ ಅಯ್ಯಂಗಾರರಾಗಿ ನಮ್ಮ ದತ್ತಣ್ಣ, ಅಂದರೆ ಎಚ್.ಜಿ. ದತ್ತಾತ್ರೇಯ, ಕಾಣಿಸಿಕೊಂಡಾಗ ಎದೆ ಉಬ್ಬುತ್ತದೆ. ಸ್ವತಃ ವಾಯುಸೇನೆಯಲ್ಲಿ ದುಡಿದು ಬಂದವರು, ಕಡಿಮೆ ಮಾತಿನಲ್ಲೇ ತೂಕ ತರುತ್ತಾರೆ. ಆದರೆ ಉಡುಪಿ ಬಳಿಯ ಅದಮಾರಿನ ಯು.ಆರ್. ರಾವ್ ಅವರ ನೇತೃತ್ವದಲ್ಲಿ ಪೀಣ್ಯದ ಶೆಡ್ಡುಗಳಲ್ಲಿ ‘ಆರ್ಯಭಟ’ ಸಿದ್ಧವಾಗಿ 1975ರ ಏಪ್ರಿಲ್ 19ರಂದು ಹಾರಿದ್ದು, ಮಂಗಳಯಾನದ ದನಿ ಕೇಳಿದ ಬ್ಯಾಲಾಳುವಿನ 32 ಮೀಟರ್ ಆಂಟೆನಾ, ಇವನ್ನು ಮಕ್ಕಳಿಗೆ ನಾವೇ ಹೇಳಬೇಕು.

ಆದ್ದರಿಂದ ಚಿತ್ರವನ್ನು ನೋಡಿ, ತೋರಿಸಿ. ಆಮೇಲೊಂದು ಭಾನುವಾರ ಮಕ್ಕಳನ್ನು ಟವರ್ ಹಾಲ್ ಫುನಾಬೊರಿಗೆ ಕರೆದೊಯ್ಯಿರಿ. ಆ ಗೋಪುರ 115 ಮೀಟರ್. ಮಂಗಳಯಾನವನ್ನು ಹೊತ್ತ ಪಿಎಸ್‌ಎಲ್‌ವಿ ಸುಮಾರು 44 ಮೀಟರ್, ಅದರ ಅರ್ಧವೂ ಇಲ್ಲ. ಅಷ್ಟು ಚಿಕ್ಕ ರಾಕೆಟ್ಟಿನಿಂದ ಅಷ್ಟು ದೂರ ಹೋದದ್ದು ಹೇಗೆಂದು ಮಕ್ಕಳು ಕೇಳಿಯೇ ಕೇಳುತ್ತಾರೆ. ಪೂರಿಯ ಜೊತೆಗೆ ಉಯ್ಯಾಲೆಯನ್ನೂ ಹೇಳಿಕೊಡಿ.