ಕುದ್ರಿನ ಮೇಲೆ ಎರಡು ಬಗೆಯ ಜನ: ನಿಜ-ಸುಳ್ಳಿನ ಒಗಟುಗಳ ರಸಿಕರಿಗೊಂದು ಕೈಪಿಡಿ

ಕುಂದಾಪುರ ಪೇಟೆಗೆ ಮೂರು ಬದಿಯಲ್ಲೂ ನೀರು. ಐದು ಹೊಳೆಗಳು ಕೂಡಿ ಗಂಗೊಳ್ಳಿಯ ಅಳಿವೆಯತ್ತ ಸಾಗುವ ದಾರಿಯಲ್ಲಿ ನಡುನಡುವೆ ನೆಲದ ತುಂಡುಗಳು ಉಳಿದುಕೊಂಡಿವೆ. ಉಪ್ಪಿನಕುದ್ರು, ಹಟ್ಟಿಕುದ್ರು, ಬಬ್ಬುಕುದ್ರು ಎಂದೆಲ್ಲ ಹೆಸರುಳ್ಳ, ಮನೆ, ತೆಂಗು, ಗದ್ದೆಗಳಿರುವ ಕುದ್ರುಗಳು ಅವು. ಅವುಗಳ ನಡುವೆ ಯಾವ ನಕ್ಷೆಯಲ್ಲೂ ಇಲ್ಲದ ಇನ್ನೊಂದು ಕುದ್ರನ್ನು ಕಲ್ಪಿಸಿಕೊಳ್ಳಿ. ಅಲ್ಲಿರುವುದು ಎರಡೇ ಬಗೆಯ ಜನ. ನಿಜದವರು ಬಾಯಿಬಿಟ್ಟರೆ ನಿಜ, ಸುಳ್ಳಿನವರು ಬಾಯಿಬಿಟ್ಟರೆ ಸುಳ್ಳು. ನೋಡಲು ಎಲ್ಲರೂ ಒಂದೇ. ಯಾರು ಯಾವ ಬಗೆಯೆಂದು ಅಲ್ಲಿನವರಿಗೆಲ್ಲ ಗೊತ್ತು. ಕಡವಿನ ದೋಣಿಯಲ್ಲಿ ಈಗಷ್ಟೇ ಬಂದಿಳಿದ ನಿಮಗೆ ಮಾತ್ರ ಗೊತ್ತಿಲ್ಲ.

ಈ ಬಗೆಯ ಒಗಟಿಗೆ ಇಷ್ಟೇ ಬಂಡವಾಳ. ಲೆಕ್ಕ ಬರಬೇಕೆಂದಿಲ್ಲ, ಸೂತ್ರಗಳೂ ಬೇಡ. ಆಡಿದ ಮಾತನ್ನು ಅಳೆಯುವ ಕಿವಿಯೊಂದಿದ್ದರೆ ಸಾಕು. ಆ ಕಿವಿಯನ್ನು ತಿದ್ದಿಕೊಳ್ಳುವುದು ಹೇಗೆಂದು ಹೇಳುವುದಕ್ಕಾಗಿಯೇ ಈ ಬರಹ.

ದಡದಲ್ಲಿ ಇಬ್ಬರು ನಿಂತಿದ್ದಾರೆ. ಮೊದಲನೆಯವ ಹೇಳುತ್ತಾನೆ: "ಹ್ವಾಯ್, ನಾವಿಬ್ರೂ ಸುಳ್ಳಿನವ್ರೇ." ಇನ್ನೊಬ್ಬ ಮಾತಾಡುವುದಿಲ್ಲ. ಯಾರು ಯಾವ ಬಗೆ?

ಹೊಸಬರು ಇವನನ್ನು ನಂಬಬಹುದೇ ಎಂಬಲ್ಲಿಂದ ಶುರುಮಾಡುತ್ತಾರೆ. ಆ ಪ್ರಶ್ನೆಯನ್ನು ಬದಿಗಿಡಿ. ಮಾತು ನಿಜವೆಂದೇ ಒಮ್ಮೆ ಇಟ್ಟುಕೊಳ್ಳಿ. ಆಗ ಅವನೂ ಸುಳ್ಳಿನವನಾದ. ಸುಳ್ಳಿನವನ ಬಾಯಲ್ಲಿ ನಿಜ ಬಂದಂತಾಯಿತು. ಕುದ್ರಿನ ಕಟ್ಟಳೆ ಅದನ್ನು ಒಪ್ಪುವುದಿಲ್ಲ. ಹಾಗಾದರೆ ಮಾತು ಸುಳ್ಳು, ಆಡಿದವನು ಸುಳ್ಳಿನವ. 'ಇಬ್ಬರೂ ಸುಳ್ಳಿನವರು' ಎಂಬುದು ಸುಳ್ಳಾಗಬೇಕಾದರೆ ಇಬ್ಬರಲ್ಲಿ ಒಬ್ಬನಾದರೂ ನಿಜದವನಿರಬೇಕು. ಅದು ಮೌನವಾಗಿ ನಿಂತಿರುವ ಎರಡನೆಯವನೇ.

ಈಗ ಅದೇ ದಡ, ಬೇರೆ ಇಬ್ಬರು. ಮೊದಲನೆಯವನ ಮಾತು: "ನಮ್ಮಲ್ಲಿ ಒಬ್ಬನಾದ್ರೂ ಸುಳ್ಳಿನವ." ಮೊದಲಿನ ಮಾತಿಗೂ ಇದಕ್ಕೂ ಹೆಚ್ಚು ದೂರವಿಲ್ಲ. ಆದರೆ ಇವನು ಸುಳ್ಳಿನವನಾಗಿದ್ದರೆ, ಒಬ್ಬ ಸುಳ್ಳಿನವ ಇದ್ದೇ ಇದ್ದಾನೆ, ಮಾತು ನಿಜವಾಗಿಬಿಡುತ್ತದೆ. ಆದ್ದರಿಂದ ಇವನು ನಿಜದವ. ನಿಜದವನಾದ ಮೇಲೆ ಮಾತೂ ನಿಜ, ಸುಳ್ಳಿನವನು ಪಕ್ಕದವನೇ. ಎರಡು ಒಗಟುಗಳನ್ನೂ ಒಂದರ ಪಕ್ಕ ಒಂದಿಟ್ಟು ನೋಡಿ. 'ಇಬ್ಬರೂ' ಹೋಗಿ 'ಒಬ್ಬನಾದರೂ' ಬಂದದ್ದಕ್ಕೆ ಇಬ್ಬರ ಜಾಗವೂ ಅದಲುಬದಲಾಯಿತು. ಉತ್ತರ ಸಿಕ್ಕಿದ ಕೂಡಲೇ ಮುಂದಿನ ಒಗಟಿಗೆ ಓಡುವವರಿಗೆ ಈ ಸೊಗಸು ಕಾಣುವುದಿಲ್ಲ. ಒಂದು ಒಗಟು ಬಿಡಿಸಿದ ಮೇಲೆ ಅದರ ಒಂದು ಪದ ಬದಲಿಸಿ ಮತ್ತೆ ಬಿಡಿಸುವುದನ್ನು ಅಭ್ಯಾಸ ಮಾಡಿಕೊಳ್ಳಿ. ನನ್ನ ಮಟ್ಟಿಗೆ ಈ ಕಲೆಯ ರುಚಿ ಹತ್ತುವುದು ಅಲ್ಲಿಂದಲೇ.

ಮೂರನೆಯದು ಇನ್ನೂ ಚೆಂದ. "ನಾವಿಬ್ರೂ ಒಂದೇ ಬಗೆಯವ್ರು," ಎನ್ನುತ್ತಾನೆ ಒಬ್ಬ. ಅವನು ನಿಜದವನಾದರೆ ಜೊತೆಗಾರನೂ ಅದೇ ಬಗೆ, ಅಂದರೆ ನಿಜದವ. ಅವನು ಸುಳ್ಳಿನವನಾದರೆ ಇಬ್ಬರೂ ಬೇರೆ ಬೇರೆ ಬಗೆ. ಆಗಲೂ ಜೊತೆಗಾರ ನಿಜದವನೇ. ಮಾತಾಡಿದವನ ಬಗ್ಗೆ ಏನೂ ತಿಳಿಯಲಿಲ್ಲ, ಎಷ್ಟು ಹೊತ್ತು ಕೂತು ಯೋಚಿಸಿದರೂ ತಿಳಿಯುವುದೂ ಇಲ್ಲ. ಮಾತಾಡದವನ ಬಗ್ಗೆ ಮಾತ್ರ ಸಂಶಯವೇ ಉಳಿಯಲಿಲ್ಲ. ಯಾರನ್ನು ನಂಬಬೇಕೆಂದೇ ಗೊತ್ತಿಲ್ಲದ ಕಡೆ ಅಲ್ಲಾಡಿಸಲಾಗದ ಒಂದು ತಿಳಿವು ಕೈಗೆ ಸಿಕ್ಕಿತಲ್ಲ, ಈ ಪ್ರಕಾರದ ಜೀವ ಇರುವುದು ಅದರಲ್ಲಿ.

ಈ ಕರಾವಳಿಯವರಿಗೆ ಇದು ತೀರಾ ಹೊಸ ಪಾಠವೇನಲ್ಲ. ಮಂದಾರ್ತಿ, ಮಾರಣಕಟ್ಟೆ, ಸಾಲಿಗ್ರಾಮದ ಯಕ್ಷಗಾನ ಮೇಳಗಳು ತಿರುಗಾಟ ಮುಗಿಸಿ ಗೆಜ್ಜೆ ಬಿಚ್ಚಿದ ಮೇಲೆ, ಮಳೆ ಹಿಡಿದ ದಿನಗಳಲ್ಲಿ ತಾಳಮದ್ದಳೆಗೆ ಕೂತವರು ಇದನ್ನೇ ಕೇಳಿಕೊಂಡು ಬಂದಿದ್ದಾರೆ. ಅಲ್ಲಿ ವೇಷವೂ ಇಲ್ಲ, ಕುಣಿತವೂ ಇಲ್ಲ. ಭಾಗವತರ ಪದ್ಯ, ಚೆಂಡೆ ಮದ್ದಳೆ, ಎದುರುಬದುರು ಕುಳಿತ ಅರ್ಥಧಾರಿಗಳು, ಅವರ ಮಾತು. ಪಳಗಿದ ಅರ್ಥಧಾರಿ ಎದುರಾಳಿಯನ್ನು 'ನೀನು ಸುಳ್ಳ' ಎಂದು ಜರೆದು ಗೆಲ್ಲಲು ಹೋಗುವುದಿಲ್ಲ. 'ಇರಲಿ, ನಿನ್ನ ಮಾತೇ ನಿಜ ಎಂದು ಇಟ್ಟುಕೊಳ್ಳೋಣ' ಎನ್ನುತ್ತಾನೆ; ಆ ಮಾತಿನ ಕೈಹಿಡಿದುಕೊಂಡೇ ಹೆಜ್ಜೆಹೆಜ್ಜೆ ನಡೆದು, ಅದು ತನ್ನನ್ನೇ ಮುರಿದುಕೊಳ್ಳುವ ಜಾಗಕ್ಕೆ ತಂದು ನಿಲ್ಲಿಸುತ್ತಾನೆ. ವಾಲಿವಧೆಯಲ್ಲಿ ಬಾಣ ತಗಲಿ ಬಿದ್ದ ವಾಲಿ ರಾಮನನ್ನು ಕೇಳುವ ಪ್ರಶ್ನೆಗಳ ಬಲವೆಲ್ಲ ರಾಮನೇ ಒಪ್ಪಿಕೊಂಡ ಧರ್ಮದಿಂದ ಬಂದದ್ದು. ಶೇಣಿ ಗೋಪಾಲಕೃಷ್ಣ ಭಟ್ಟರ ವಾಲಿಗೆ ಜನ ಅಷ್ಟು ಮನಸೋತದ್ದಕ್ಕೆ ಈ ನಡೆಯೂ ಒಂದು ಕಾರಣ ಎಂದು ನಾನು ನಂಬಿದ್ದೇನೆ. ತಾಳಮದ್ದಳೆಯಲ್ಲಿ 'ಎಲಾ, ಸಿಕ್ಕಿಬಿದ್ದ!' ಎಂದು ನೀವು ನೆಟ್ಟಗೆ ಕೂರುವ ಆ ಕ್ಷಣವಿದೆಯಲ್ಲ, ಒಗಟು ಬಿಡಿಸುವಾಗಲೂ ಕಾಯಬೇಕಾದದ್ದು ಅದೇ ಕ್ಷಣಕ್ಕೆ.

ಒಂದು ವ್ಯತ್ಯಾಸವನ್ನು ಮಾತ್ರ ಮರೆಯಬಾರದು. ದ್ರೋಣನ ಪ್ರಸಂಗದಲ್ಲಿ ಭೀಮ ಕೊಂದದ್ದು ಅಶ್ವತ್ಥಾಮನೆಂಬ ಆನೆಯನ್ನು. ಧರ್ಮರಾಯ ಅಶ್ವತ್ಥಾಮ ಸತ್ತನೆಂದು ದ್ರೋಣನಿಗೆ ಕೇಳುವಂತೆ ಹೇಳಿ, ಆನೆಯೆಂಬುದನ್ನು ಕೇಳಿಸದಂತೆ ಹೇಳಿದ. ಅದು ನಿಜವೋ ಸುಳ್ಳೋ ಎಂದು ತಾಳಮದ್ದಳೆಯಲ್ಲಿ ಇಡೀ ರಾತ್ರಿ ವಾದಿಸಬಹುದು. ನಮ್ಮ ಕುದ್ರಿನಲ್ಲಿ ಆ ಪ್ರಶ್ನೆ ಕ್ಷಣಮಾತ್ರದಲ್ಲಿ ಮುಗಿಯುತ್ತದೆ: ಆಡಿದ ವಾಕ್ಯ ನಿಜ, ಆದ್ದರಿಂದ ಅವನು ನಿಜದವ. ಉದ್ದೇಶ, ದನಿ, ಕೇಳಿದವನ ಮನಸ್ಸಿನಲ್ಲಿ ಮೂಡಿದ ಅರ್ಥ, ಇವಾವುದಕ್ಕೂ ಇಲ್ಲಿ ಎಡೆಯಿಲ್ಲ. ಇದನ್ನು ಕೊರತೆಯೆಂದು ಎಣಿಸಬೇಡಿ. ಬದುಕಿನಲ್ಲಿ ಬಿಡಿಸಿಕೊಳ್ಳಲಾಗದಂತೆ ಹೆಣೆದುಕೊಂಡಿರುವ ಎಳೆಗಳಲ್ಲಿ ಒಂದನ್ನಷ್ಟೇ ಈಚೆಗೆಳೆದು ಬೆಳಕಿಗೆ ಹಿಡಿಯುವುದು ಈ ಪ್ರಕಾರದ ಕೆಲಸ.

ಹಾಗೆಯೇ, ಅಂತಃಪುರದಲ್ಲಿ ಜಂಬ ಕೊಚ್ಚಿ, ಕೌರವಸೇನೆಯನ್ನು ಕಂಡಾಗ ತನ್ನ ಭಯವನ್ನು ಇದ್ದಂತೆ ಒಪ್ಪಿಕೊಂಡ ಉತ್ತರಕುಮಾರನಿಗೆ ಕುದ್ರಿನಲ್ಲಿ ಮನೆಯಿಲ್ಲ. ತಪ್ಪದೆ ಸುಳ್ಳು ಹೇಳುವವನು ತಪ್ಪದೆ ನಿಜ ಹೇಳುವವನಷ್ಟೇ ಉಪಕಾರಿ. ಅವನ ಮಾತನ್ನು ತಿರುಗಿಸಿದರೆ ನಿಜ ಸಿಗುತ್ತದೆ. ಯಾವಾಗ ಯಾವುದನ್ನು ಹೇಳುತ್ತಾನೆಂದು ಗೊತ್ತಿಲ್ಲದವನೇ ಕಷ್ಟ. ಅಂಥವನೊಬ್ಬನನ್ನು ನಿಜದವ, ಸುಳ್ಳಿನವರ ಜೊತೆ ಸೇರಿಸಿ, 'ಹೌದು', 'ಅಲ್ಲ' ಎಂಬುದಕ್ಕೆ ಅರ್ಥ ತಿಳಿಯದ ಎರಡು ಶಬ್ದಗಳನ್ನಿಟ್ಟು ಕಟ್ಟಿದ ಒಗಟನ್ನು ತರ್ಕಶಾಸ್ತ್ರಜ್ಞ ಜಾರ್ಜ್ ಬೂಲೋಸ್ 1996ರಲ್ಲಿ 'ಅತಿ ಕಠಿಣ ತರ್ಕದ ಒಗಟು' ಎಂದೇ ಕರೆದ. ಹೊಸಬರು ಅದನ್ನು ಸದ್ಯಕ್ಕೆ ಮುಟ್ಟುವುದು ಬೇಡ.

ಈಗ ದಾರಿಯ ಒಗಟು. ಕುಂದಾಪುರದಿಂದ ಉತ್ತರಕ್ಕೆ ಹೊರಟರೆ ಹೆಮ್ಮಾಡಿಯಲ್ಲಿ ಹೆದ್ದಾರಿ ಬಿಟ್ಟು ಬಲಕ್ಕೆ ತಿರುಗುವ ರಸ್ತೆ ವಂಡ್ಸೆಯ ಮೇಲೆ ಕೊಲ್ಲೂರಿಗೆ. ನೇರ ಹೋದರೆ ತ್ರಾಸಿ, ಮರವಂತೆ, ಬೈಂದೂರು. ಅಲ್ಲಿ ಫಲಕಗಳೇ ಇಲ್ಲವೆಂದುಕೊಳ್ಳಿ. ಕುದ್ರಿನವನೊಬ್ಬ ನಿಂತಿದ್ದಾನೆ, ಯಾವ ಬಗೆಯವನೋ ಗೊತ್ತಿಲ್ಲ. ಹೌದು-ಅಲ್ಲ ಎಂದು ಉತ್ತರಿಸಬಹುದಾದ ಒಂದೇ ಪ್ರಶ್ನೆ ಕೇಳಬಹುದು. ನೀವು ಬಲಬದಿಯ ದಾರಿ ತೋರಿಸಿ ಹೀಗೆ ಕೇಳಿ: "ಈ ದಾರಿ ಕೊಲ್ಲೂರಿಗ್ ಹೋತ್ತಾ ಅಂದ್ ಕೇಂಡ್ರೆ, ನೀವ್ ಹೌದ್ ಹೇಳ್ತ್ರ್ಯಾ?" ನಿಜದವ ಇದ್ದದ್ದನ್ನೇ ಹೇಳುತ್ತಾನೆ. ಸುಳ್ಳಿನವನು, ದಾರಿ ಕೊಲ್ಲೂರಿನದೇ ಆಗಿದ್ದರೆ, ನೇರ ಪ್ರಶ್ನೆಗೆ 'ಅಲ್ಲ' ಎನ್ನುತ್ತಿದ್ದ. 'ಹೌದು ಹೇಳುತ್ತೀರಾ' ಎಂದು ಕೇಳಿದಾಗ ಅದರ ಮೇಲೂ ಸುಳ್ಳಾಡಬೇಕಲ್ಲ, 'ಹೌದು' ಎಂದೇ ಹೇಳುತ್ತಾನೆ. ಸುಳ್ಳಿನ ಮೇಲೆ ಸುಳ್ಳು ಬಿದ್ದು ನಿಜ ಉಳಿಯಿತು. ದೇವಿಯ ದರ್ಶನಕ್ಕೆ ದಾರಿ ಸಿಕ್ಕಿತು, ದಾರಿ ತೋರಿಸಿದವನು ಯಾವ ಬಗೆಯವನೆಂದು ಇನ್ನೂ ತಿಳಿದಿಲ್ಲ, ತಿಳಿಯಬೇಕಾಗಿಯೂ ಇಲ್ಲ.

ಇವು ಎಲ್ಲಿಂದ ಬಂದವು? ಅಮೆರಿಕದ ತತ್ತ್ವಶಾಸ್ತ್ರಜ್ಞ ನೆಲ್ಸನ್ ಗುಡ್‌ಮನ್ 1931ರಲ್ಲಿ ಬಾಸ್ಟನ್ ಪೋಸ್ಟ್ ಪತ್ರಿಕೆಯಲ್ಲಿ ಇಂಥದೊಂದನ್ನು ಪ್ರಕಟಿಸಿದ. ಇವನ್ನು ಮನೆಮನೆಗೆ ಮುಟ್ಟಿಸಿದವನು ರೇಮಂಡ್ ಸ್ಮಲಿಯನ್ (1919–2017): ತರ್ಕಶಾಸ್ತ್ರದ ಪ್ರಾಧ್ಯಾಪಕ, ಜಾದೂಗಾರ, ಪಿಯಾನೊ ವಾದಕ. 1978ರ 'ವಾಟ್ ಈಸ್ ದ ನೇಮ್ ಆಫ್ ದಿಸ್ ಬುಕ್?' ಅವನ ಬಹುಪ್ರಸಿದ್ಧ ಪುಸ್ತಕ. ಆದರೆ ಇದರ ಬೇರಿನ ಪ್ರಶ್ನೆ ನಮ್ಮಲ್ಲೂ ಹಳೆಯದು. ಸುಮಾರು 5ನೆಯ ಶತಮಾನದ ಭರ್ತೃಹರಿ 'ವಾಕ್ಯಪದೀಯ'ದಲ್ಲಿ 'ನಾನು ಹೇಳುವುದೆಲ್ಲ ಸುಳ್ಳು' ಎಂಬ ವಾಕ್ಯವನ್ನು ಎತ್ತಿಕೊಳ್ಳುತ್ತಾನೆ. ಹೇಳುವವನು ಆ ವಾಕ್ಯವನ್ನೇ ಅದರೊಳಗೆ ಸೇರಿಸಿ ಹೇಳುತ್ತಿಲ್ಲ, ಸೇರಿಸಿದರೆ ಹೇಳಹೊರಟ ಅರ್ಥವೇ ನಿಲ್ಲುವುದಿಲ್ಲ ಎಂಬುದು ಅವನ ಪರಿಹಾರ. ಮಾತನಾಡುವವನ ವಿವಕ್ಷೆಯನ್ನು ಹಿಡಿದು ಗಂಟು ಸಡಿಲಿಸುವ ಈ ಬಗೆ ನನಗೆ ಬಹಳ ಇಷ್ಟ. ಕುದ್ರಿನಲ್ಲಾದರೋ 'ನಾನು ಸುಳ್ಳಿನವ' ಎಂಬ ಮಾತನ್ನು ಯಾರೂ ಆಡಲಾರರು. ನಿಜದವ ಆಡಿದರೆ ಸುಳ್ಳಾಗುತ್ತದೆ, ಸುಳ್ಳಿನವ ಆಡಿದರೆ ನಿಜವಾಗುತ್ತದೆ. ಒಗಟು ಬಿಡಿಸಲು ಕೂತಾಗಲೆಲ್ಲ ಇದನ್ನು ನೆನಪಿಡಿ. 'ಅವನು ತಾನು ಸುಳ್ಳಿನವನೆಂದ' ಎಂದು ಯಾರಾದರೂ ವರದಿ ಮಾಡಿದರೆ, ವರದಿ ಮಾಡಿದವನೇ ಸುಳ್ಳಿನವ.

ಹೊಸಬರು ಎಡವುವ ಜಾಗಗಳು ಮುಖ್ಯವಾಗಿ ಎರಡು. ಒಂದು, 'ಇದೂ ಹೌದು, ಅದೂ ಹೌದು' ಎಂದು ಸುಳ್ಳಿನವ ಹೇಳಿದರೆ ಎರಡೂ ಸುಳ್ಳೆಂದು ತಿಳಿಯುವುದು. ಎರಡರಲ್ಲಿ ಒಂದು ಸುಳ್ಳಾದರೂ ಇಡೀ ಮಾತು ಸುಳ್ಳೇ. ಇನ್ನೊಂದು, 'ಆದರೆ' ಎಂಬ ಷರತ್ತಿನ ಮಾತು. "ನಾನು ನಿಜದವನಾದರೆ ಈ ಆಲದ ಬುಡದಲ್ಲಿ ಹೊನ್ನಿದೆ," ಎಂದು ಕುದ್ರಿನವನೊಬ್ಬ ಹೇಳಿದನೆನ್ನಿ. ತರ್ಕದಲ್ಲಿ ಇಂಥ ಮಾತು ಸುಳ್ಳಾಗುವುದು ಷರತ್ತು ಕೂಡಿಬಂದೂ ಫಲ ಬಾರದಿದ್ದಾಗ ಮಾತ್ರ. ಅವನು ಸುಳ್ಳಿನವನಾದರೆ ಷರತ್ತೇ ಕೂಡಿಬರಲಿಲ್ಲ, ಮಾತು ಸುಳ್ಳಾಗಲಿಲ್ಲ. ಸುಳ್ಳಿನವ ನಿಜ ಹೇಳಿದಂತಾಗುತ್ತದೆ. ಹಾಗಾಗಿ ಅವನು ನಿಜದವ, ಷರತ್ತು ಕೂಡಿತು, ಹೊನ್ನು ಇದ್ದೇ ಇದೆ! ಅಗೆಯುವ ಮೊದಲು ತುಸು ನಿಲ್ಲಿ. ಹೊನ್ನಿಲ್ಲದ ಕುದ್ರಿನಲ್ಲಿ ಆ ಮಾತನ್ನು ಯಾರೂ ಆಡಲು ಸಾಧ್ಯವೇ ಇರುತ್ತಿರಲಿಲ್ಲ ಎಂಬುದನ್ನು ಗಮನಿಸಿ. ಏನನ್ನು ಹೇಳಿದರು ಎಂಬುದರಷ್ಟೇ, ಏನನ್ನು ಹೇಳಲಾರರು ಎಂಬುದನ್ನೂ ಸವಿಯಲು ಕಲಿತಾಗ ಈ ಒಗಟುಗಳ ಆಳ ಗೊತ್ತಾಗುತ್ತದೆ.

ಆಳ ಎಷ್ಟಿದೆ ಎಂಬುದಕ್ಕೆ ಇನ್ನೊಂದೇ ಮಾತು. ಕುದ್ರಿನವನೊಬ್ಬ ನಿಮ್ಮನ್ನು ನೋಡಿ, "ನಾನು ನಿಜದವನೆಂದು ನೀವು ಎಂದಿಗೂ ಸಾಧಿಸಲಾರಿರಿ," ಎನ್ನುತ್ತಾನೆ. ಅವನು ಸುಳ್ಳಿನವನಾದರೆ ಮಾತು ಸುಳ್ಳು. ಅಂದರೆ ಅವನು ನಿಜದವನೆಂದು ನೀವು ಸಾಧಿಸಬಲ್ಲಿರಿ, ಇಲ್ಲದ್ದನ್ನು ಸಾಧಿಸಿದಂತಾಯಿತು. ಸರಿಯಾದ ತರ್ಕ ಇಲ್ಲದ್ದನ್ನು ಸಾಧಿಸುವುದಿಲ್ಲ, ಆದ್ದರಿಂದ ಅವನು ನಿಜದವ. ಆದರೆ ಈಗ ಸಾಧಿಸಿಯೇಬಿಟ್ಟೆವಲ್ಲ, ಅವನ ಮಾತು ಸುಳ್ಳಾಗಲಿಲ್ಲವೇ? ಸಿಕ್ಕು ಇರುವುದು ನಾವು ಸದ್ದಿಲ್ಲದೆ ಒಳಗೆ ಬಿಟ್ಟುಕೊಂಡ ಒಂದು ಮಾತಿನಲ್ಲಿ: ನಮ್ಮ ತರ್ಕ ಎಂದೂ ತಪ್ಪುವುದಿಲ್ಲ ಎಂಬುದನ್ನು ನಾವು ಸಾಧಿಸಿರಲಿಲ್ಲ, ನಂಬಿದ್ದೆವು. ಗುಡ್‌ಮನ್ ಒಗಟು ಪ್ರಕಟಿಸಿದ ಆ 1931ರಲ್ಲೇ ತರ್ಕಶಾಸ್ತ್ರಜ್ಞ ಕುರ್ಟ್ ಗೋಡೆಲ್ ಗಣಿತಕ್ಕೆ ತೋರಿಸಿಕೊಟ್ಟದ್ದು ಇದರ ಒಡನಾಡಿಯಾದ ಸತ್ಯವನ್ನು. ಸ್ಮಲಿಯನ್ 1987ರ 'ಫಾರೆವರ್ ಅನ್‌ಡಿಸೈಡೆಡ್'ನಲ್ಲಿ ಈ ನೆಲವನ್ನೇ ಉದ್ದಕ್ಕೂ ತುಳಿದಿದ್ದಾನೆ.

ಒಳ್ಳೆಯ ಒಗಟನ್ನು ಗುರುತಿಸುವುದು ಕಷ್ಟವಲ್ಲ. ಅದರಲ್ಲಿ ಮಾತು ಕಡಿಮೆ, ಒಂದನ್ನು ತೆಗೆದರೂ ಕಟ್ಟಡ ಬೀಳುತ್ತದೆ. ಅಂಗಿಯ ಬಣ್ಣ, ಮನೆಯ ನಂಬರು ತುಂಬಿಸಿ ಉದ್ದ ಮಾಡಿದ್ದನ್ನು ಬಿಟ್ಟುಬಿಡಿ. ಇಬ್ಬರಿದ್ದರೆ ನಾಲ್ಕು ಸಾಧ್ಯತೆ, ಮೂವರಿದ್ದರೆ ಎಂಟು. ಎಲ್ಲವನ್ನೂ ಕಾಗದದಲ್ಲಿ ಪಟ್ಟಿ ಮಾಡಿ ಒಂದೊಂದಾಗಿ ಹೊಡೆದುಹಾಕಿದರೂ ಉತ್ತರ ಬರುತ್ತದೆ. ಆದರೆ ಅದರಲ್ಲಿ ರಸವಿಲ್ಲ. ಯಾರ ಮಾತು ತನ್ನ ಭಾರಕ್ಕೆ ತಾನೇ ಮುರಿಯುತ್ತದೆಂದು ಹುಡುಕಿ, ಅಲ್ಲಿಂದ ಹಿಡಿಯಿರಿ. ಸಾಧ್ಯವಾದರೆ ಜೊತೆಗೊಬ್ಬರನ್ನು ಕೂರಿಸಿಕೊಂಡು ಬಾಯಲ್ಲೇ ಬಿಡಿಸಿ. ಉತ್ತರ ನಿಮಗೆ ಮೊದಲು ಹೊಳೆದರೆ ಅವರಿಗೂ ಹೊಳೆಯುವ ತನಕ ಕಾಯಿರಿ.

ಇದೊಂದನ್ನು ಬಿಡಿಸಿ ನೋಡಿ. ಕುದ್ರಿನಲ್ಲಿ ಇವತ್ತು ರಾತ್ರಿ ಯಕ್ಷಗಾನದ ಆಟ ಇದೆಯೇ ಎಂದು ನಿಮಗೆ ತಿಳಿಯಬೇಕು. ಮಂಜಣ್ಣ ಹೇಳುತ್ತಾರೆ: "ಇವತ್ತು ಆಟ ಇದೆ, ಮತ್ತು ಗಿರಿಜಕ್ಕ ಸುಳ್ಳಿನವರು." ಗಿರಿಜಕ್ಕ ಹೇಳುತ್ತಾರೆ: "ಇವತ್ತು ಆಟ ಇಲ್ಲ, ಮತ್ತು ಸೀನನೂ ನಾನೂ ಒಂದೇ ಬಗೆ." ಸೀನ ಹೇಳುವುದು ಇಷ್ಟೇ: "ಮಂಜಣ್ಣ ನಿಜದವರು." ಗಿರಿಜಕ್ಕನ ಮಾತು ನಿಜವೆಂದೇ ಇಟ್ಟುಕೊಂಡು ಅಲ್ಲಿಂದ ಹೊರಡಿ.